ನೋಡಿಕೊಳ್ಳುವ ಕೈಗಳು



ಬೆಂಗಳೂರಿನ ನಮ್ಮ ಜಕ್ಕೂರಿನಿಂದ ಮೈಸೂರಿಗೆ ಹೋಗುವವರು ಅರಮನೆ, ಚಾಮುಂಡಿ ಬೆಟ್ಟ ನೋಡಿ ಮರಳುವುದೇ ಹೆಚ್ಚು. ಅಲ್ಲಿನ ಗಣಪತಿ ಸಚ್ಚಿದಾನಂದ ಆಶ್ರಮದ ಕಿಷ್ಕಿಂಧಾ ಮೂಲಿಕಾ ಬೋನ್ಸಾಯ್ ಉದ್ಯಾನಕ್ಕೂ ಒಂದಿಷ್ಟು ಹೊತ್ತು ಮೀಸಲಿಡಿ. ಊರ ಕಟ್ಟೆಯಲ್ಲಿ ಹತ್ತಾರು ಜನಕ್ಕೆ ನೆರಳಾಗುವ ಜಾತಿಯ ಮರಗಳು ಅಲ್ಲಿ ತಗ್ಗು ಕುಂಡಗಳಲ್ಲಿ ನಿಂತಿವೆ.

ಬೋನ್ಸಾಯ್ ಎಂದರೆ ಕುಬ್ಜ ತಳಿಯೇನಲ್ಲ. ಸಾಮಾನ್ಯ ಮರದ ಬೇರು ಸವರಿ, ಚಿಗುರು ಚಿವುಟಿ, ತಂತಿ ಸುತ್ತಿ ಕೊಂಬೆ ಬಾಗಿಸಿ ರೂಪ ಕೊಡುತ್ತಾರೆ. ಕುಂಡದಲ್ಲಿ ಮಣ್ಣು ಬಹಳ ಕಡಿಮೆ. ಬೇಸಿಗೆಯಲ್ಲಿ ನೀರು ತಪ್ಪಿದರೆ ವರ್ಷಗಳ ಶ್ರಮ ಬಾಡಿಹೋಗುತ್ತದೆ.

ಆರೈಕೆ ತಪ್ಪದಿದ್ದರೆ ಬೋನ್ಸಾಯ್ ತಲೆಮಾರುಗಳನ್ನೇ ದಾಟಬಲ್ಲದು. ಜಪಾನಿನ ಯಾಮಾಕಿ ಕುಟುಂಬದ ಬಿಳಿ ಪೈನ್ ಬೋನ್ಸಾಯ್ ಒಂದರ ಆರೈಕೆ 1625ರಲ್ಲೇ ಶುರುವಾಗಿತ್ತು. 1945ರ ಆಗಸ್ಟ್ 6ರಂದು ಹಿರೋಶಿಮಾದ ಮೇಲೆ ಅಣುಬಾಂಬ್ ಬಿದ್ದಾಗ, ಮನೆಯಂಗಳದ ಗೋಡೆಯ ಮರೆಯಲ್ಲಿದ್ದ ಆ ಮರ ಉಳಿಯಿತು. 1976ರಲ್ಲಿ ಮಸಾರು ಯಾಮಾಕಿ ಅದನ್ನು ಅಮೆರಿಕಕ್ಕೇ ಉಡುಗೊರೆಯಾಗಿ ಕೊಟ್ಟರು! ಇಂದಿಗೂ ಅದು ವಾಷಿಂಗ್ಟನ್ನಿನಲ್ಲಿ ಹಸಿರಾಗಿದೆ. ಬಾಂಬ್ ಹಾಕಿದ ದೇಶದ ಜನರೇ ಈಗ ಅದಕ್ಕೆ ನೀರೆರೆಯುತ್ತಿದ್ದಾರೆ.

ಆ ಮರವನ್ನು ಮೊದಲು ಆರೈಕೆ ಮಾಡಿದವರು ಇದನ್ನೆಲ್ಲ ಕಾಣಲಿಲ್ಲ. ಮುಂದಿನವರನ್ನು ನಂಬಿ ತಮ್ಮ ಪಾಲಿನದನ್ನು ಮಾಡಿದರು. ನಮ್ಮ ಜಕ್ಕೂರು ಕೆರೆಯೂ ಹಾಗೆ ಹಿಂದಿನವರು ಕಟ್ಟಿ ನಮ್ಮ ಕೈಗಿತ್ತದ್ದು. ಇಂದು ಸಂಸ್ಕರಿಸಿದ ನೀರು ಜೌಗು ಗಿಡಗಳ ನಡುವೆ ಹಾದು ಆ ಕೆರೆ ಸೇರುತ್ತದೆ. ಅದಕ್ಕೂ ನಿತ್ಯದ ನಿಗಾ ಬೇಕು. ನಮಗೆ ಸಿಕ್ಕಿದ್ದನ್ನು ಇನ್ನಷ್ಟು ಚೆನ್ನಾಗಿಟ್ಟು ಮಕ್ಕಳಿಗೆ ಒಪ್ಪಿಸೋಣ. ಇಂದಿನ ಪಾಲಿನ ಕೆಲಸವನ್ನು ಇಂದೇ ಮಾಡೋಣ.