ಒಂದು ಪದ, ಎರಡೆಕರೆ ಹೊಲ

(ಸುವರ್ಣ ಮಹೋತ್ಸವದ ಅಂಗವಾಗಿ ನಡೆದ ಹಳೆಯ ವಿದ್ಯಾರ್ಥಿಗಳ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಸಮಿತಿಯವರು ಮನೆಗೆ ಬಂದು, "ಇಂಗ್ಲಿಷ್ ಕಲಿಕೆಯ ಮಹತ್ವ ಅಂತ ಹತ್ತು ನಿಮಿಷ ಮಾತಾಡಿ ಸಾರ್" ಎಂದರು. ಮೂವತ್ತು ವರ್ಷಕ್ಕೂ ಮೇಲೆ ಇಂಗ್ಲಿಷ್ ಪಾಠ ಮಾಡಿದವನು ನಾನು. ಆ ವಿಷಯ ಎಷ್ಟು ಬೇಸರ ತರಿಸುತ್ತದೆ ಎಂಬುದು ನನಗೆ ಚೆನ್ನಾಗಿ ಗೊತ್ತು. ಹಾಗಾಗಿ ಒಂದೇ ಒಂದು ಇಂಗ್ಲಿಷ್ ಪದದ ಬಗ್ಗೆ ಮಾತಾಡುತ್ತೇನೆ ಎಂದು ಹೇಳಿ ಒಪ್ಪಿಕೊಂಡೆ. ಆ ಪದ ನಾನು ಕಲಿತದ್ದು ಈ ಶಾಲೆಯ ಸ್ಟಾಫ್ ರೂಮಿನ ಬಾಗಿಲಲ್ಲಿ ನಿಂತು. ಅದರಿಂದ ನಮ್ಮ ಮನೆಗೆ ಎರಡೆಕರೆ ಹೊಲ ವಾಪಸು ಬಂತು.

1980ನೇ ಇಸವಿ. ನಾನಾಗ ಹತ್ತನೇ ತರಗತಿ. ಒಂದು ಬೆಳಿಗ್ಗೆ ನಮ್ಮಪ್ಪ ಟೈಪು ಮಾಡಿದ ಎರಡು ಹಾಳೆಯನ್ನು ಮಡಚಿ ನನ್ನ ಬಟ್ಟೆ ಚೀಲದೊಳಕ್ಕೆ ಹಾಕಿ, "ಇದರ ಮ್ಯಾಲೆ ಹೆಬ್ಬೆಟ್ಟು ಒತ್ತೀನಿ ಕಣ್ಲಾ. ಏನಂತ ಬರ್ದೈತೋ ಗೊತ್ತಿಲ್ಲ. ನಿಮ್ಮ ಮೇಷ್ಟ್ರ ಕೈಲಿ ಓದಿಸ್ಕೊಂಡು ಬಾ" ಎಂದ.

ಅದರ ಹಿಂದಿನ ಕತೆ ಇಷ್ಟು. 1959ರಲ್ಲಿ ಸರ್ಕಾರ ನಮ್ಮಪ್ಪನಿಗೆ ಎರಡೆಕರೆ ಖುಷ್ಕಿ ಜಮೀನು ಉಚಿತವಾಗಿ ಮಂಜೂರು ಮಾಡಿತ್ತು. ನಾವು ಪರಿಶಿಷ್ಟ ಜಾತಿಯವರು. ಭೂಮಿ ಇಲ್ಲದವರಿಗೆ ಕೊಡುವ ಜಮೀನು ಅದು. ಸಾಗುವಳಿ ಚೀಟಿಯಲ್ಲಿ ಒಂದು ಷರತ್ತು ಇತ್ತು: ಜಮೀನನ್ನು ಪರಭಾರೆ ಮಾಡಕೂಡದು. ಆದರೆ 1968ರಲ್ಲಿ ನಮ್ಮತ್ತೆಯ ಮದುವೆ ಬಂತು. ಅಪ್ಪ ಅದನ್ನು ಒಂಬೈನೂರು ರೂಪಾಯಿಗೆ ಪಕ್ಕದ ಊರಿನವರೊಬ್ಬರಿಗೆ ಕ್ರಯ ಮಾಡಿಕೊಟ್ಟ. ಆಮೇಲೆ ಹತ್ತು ವರ್ಷ ಅದೇ ಹೊಲಕ್ಕೆ ಕೂಲಿಗೆ ಹೋದ. ತಾನು ಕಿತ್ತ ಕಲ್ಲುಗಳ ಗುಡ್ಡೆ ಬದುವಿನ ಮೇಲೆ ಹಾಗೇ ಇತ್ತು, ಹೊಲ ಮಾತ್ರ ಇನ್ನೊಬ್ಬರದು.

1979ರ ಜನವರಿಯಲ್ಲಿ ಒಂದು ಕಾಯ್ದೆ ಜಾರಿಗೆ ಬಂತು. ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನಿನ ಪರಭಾರೆಯನ್ನು ನಿಷೇಧಿಸುವ 1978ರ ಕಾಯ್ದೆ ಅದು, ಪಿ.ಟಿ.ಸಿ.ಎಲ್. ಕಾಯ್ದೆ ಎಂದರೆ ತಾಲ್ಲೂಕು ಕಚೇರಿಯ ಮುಂದಿನ ಟೀ ಅಂಗಡಿಯವರಿಗೂ ಗೊತ್ತು. ಷರತ್ತು ಮೀರಿ ಮಾರಿದ ಜಮೀನನ್ನು ಉಪವಿಭಾಗಾಧಿಕಾರಿಗಳು ವಾಪಸು ಕೊಡಿಸಬಹುದು ಎಂದಾಯಿತು. ಅಪ್ಪ ತುಮಕೂರಿನ ಎ.ಸಿ. ಕಚೇರಿಗೆ ಅರ್ಜಿ ಕೊಡಲು ಹೊರಟಿದ್ದ. ಅರ್ಜಿಯನ್ನು ವಕೀಲರು ಇಂಗ್ಲಿಷಿನಲ್ಲಿ ಟೈಪು ಮಾಡಿಸಿದ್ದರು.

ದಾರಿಯಲ್ಲಿ ನಾನೇ ಓದಲು ನೋಡಿದೆ. ಮೂರನೇ ಸಾಲಿನಲ್ಲಿ ಸಿಕ್ಕಿಹಾಕಿಕೊಂಡೆ. ಆ ಜಮೀನು ‘ಇನ್‌ಏಲಿಯನಬಲ್’ ಅಂತ ಇತ್ತು. ನನ್ನ ಕಿಸೆ ನಿಘಂಟಿನಲ್ಲಿ ‘ಏಲಿಯನ್’ ಅಂದರೆ ಪರದೇಶಿ. ‘ಇನ್’ ಸೇರಿದರೆ ಉಲ್ಟಾ. ಹಾಗಾದರೆ ಪರದೇಶಿಯಲ್ಲದ ಜಮೀನು! ನಮ್ಮ ಇಂಗ್ಲಿಷ್ ಮೇಷ್ಟ್ರಿಗೆ ಹಾಗೇ ಹೇಳಿದೆ. ಅವರ ಹೆಸರು ನಾನು ಹೇಳಬೇಕಾಗಿಲ್ಲ, ನಮ್ಮ ಬ್ಯಾಚಿನವರೆಲ್ಲ ಆಗಲೇ ನಗುತ್ತಿದ್ದಾರೆ. ಮೇಷ್ಟ್ರು ನಗಲಿಲ್ಲ. "ಅರ್ಧ ಸರಿ ಕಣಯ್ಯ. ಮಧ್ಯಾಹ್ನ ಊಟ ಮುಗಿಸ್ಕೊಂಡು ಬಾ" ಎಂದರು.

ಮಧ್ಯಾಹ್ನ ಪದವನ್ನು ಮೂರು ತುಂಡು ಮಾಡಿ ತೋರಿಸಿದರು. ನಡುವಿನ ತುಂಡು ‘ಏಲಿಯನ್’. ಅದರ ಬೇರು ಲ್ಯಾಟಿನ್ನಿನ ‘ಏಲಿಯಸ್’, ಅಂದರೆ ಬೇರೆಯವನು, ಪರ. ಬೇರೆ ದೇಶದವನಾದ್ದರಿಂದ ಪರದೇಶಿ. ಆಸ್ತಿಯನ್ನು ಬೇರೆಯವರದ್ದಾಗಿ ಮಾಡಿದರೆ ‘ಏಲಿಯನೇಟ್’. "ನಿಮ್ಮಪ್ಪನ ಚೀಟಿಯಲ್ಲಿ ಪರಭಾರೆ ಅಂತ ಇದೆಯಲ್ಲ, ಅದರಲ್ಲೂ ಇದೇ ಪರ ಇದೆ ನೋಡು" ಎಂದರು. ಎರಡು ದೇಶದ ಎರಡು ಪದ, ಒಳಗಿರುವ ಮನುಷ್ಯ ಒಬ್ಬನೇ. ಆವತ್ತು ನನಗಾದ ಸಂತೋಷವನ್ನು ಮುಂದೆ ಎಷ್ಟು ಪರೀಕ್ಷೆ ಪಾಸಾದರೂ ನಾನು ಕಾಣಲಿಲ್ಲ.

ಆಮೇಲೆ ಮೇಷ್ಟ್ರು ಕೊನೆಯ ತುಂಡಿಗೆ ಬಂದರು, ‘ಏಬಲ್’. ವಿದ್ಯಾರ್ಥಿಗಳೇ, ಇಲ್ಲಿ ಸ್ವಲ್ಪ ಗಮನ ಕೊಡಿ. ನಿಮ್ಮ ಕನ್ನಡ ವ್ಯಾಕರಣದಲ್ಲಿ ನಿಷೇಧಾರ್ಥಕ ರೂಪ ಅಂತ ಓದಿದ್ದೀರಿ. ಕನ್ನಡದಲ್ಲಿ ನಿಷೇಧ ಬೇರೆ ಬೇರೆ ಬಣ್ಣದ್ದು. ಮಾಡಲಾಗದು ಅಂದರೆ ಸಾಧ್ಯವೇ ಇಲ್ಲ. ಮಾಡಬಾರದು, ಮಾಡಕೂಡದು ಅಂದರೆ ಸಾಧ್ಯವಿದೆ, ಆದರೆ ತಪ್ಪು. ಇಂಗ್ಲಿಷಿನ ‘ಏಬಲ್’ ಈ ಎರಡನ್ನೂ ಒಂದೇ ಚೀಲಕ್ಕೆ ತುಂಬುತ್ತದೆ. ‘ಇನ್‌ವಿಸಿಬಲ್’ ಅಂದರೆ ಕಾಣಲಾಗದ್ದು. ‘ಅನ್‌ಫರ್ಗಿವಬಲ್’ ಅಂದರೆ ಸಾಮಾನ್ಯವಾಗಿ ಕ್ಷಮಿಸಬಾರದ್ದು. ಹಾಗಾದರೆ ನಮ್ಮ ಜಮೀನು ಪರಭಾರೆ ಮಾಡಬಾರದ್ದೋ, ಮಾಡಲಾಗದ್ದೋ? ಮಾಡಬಾರದ್ದಾದರೆ, ಅಪ್ಪ ಮಾಡಿದ್ದು ತಪ್ಪು, ಆದರೂ ಹೊಲ ಹೋಯಿತು. ಮಾಡಲಾಗದ್ದಾದರೆ, ಅಪ್ಪ ಹೆಬ್ಬೆಟ್ಟು ಒತ್ತಿದರೂ ಹೊಲ ಹೋಗಲೇ ಇಲ್ಲ!

ಇದು ಮೇಷ್ಟ್ರ ತಮಾಷೆ ಅಂದುಕೊಂಡಿದ್ದೆ. ಮುಂದೆ ಅದೇ ಪ್ರಶ್ನೆ ಸುಪ್ರೀಂ ಕೋರ್ಟಿನ ಮುಂದೆ ಬಂತು. ಜಮೀನು ಕೊಂಡವರು ಕಾಯ್ದೆಯನ್ನೇ ಪ್ರಶ್ನಿಸಿ ನ್ಯಾಯಾಲಯಗಳಿಗೆ ಹೋಗಿದ್ದರು. ಮಂಚೇಗೌಡ ಮತ್ತು ಕರ್ನಾಟಕ ಸರ್ಕಾರದ ನಡುವಿನ ಆ ಪ್ರಕರಣದಲ್ಲಿ 1984ರಲ್ಲಿ ತೀರ್ಪು ಬಂದು, ಕಾಯ್ದೆ ಊರ್ಜಿತವಾಯಿತು. ಅದುವರೆಗೆ ಷರತ್ತು ಮೀರಿದ ಕ್ರಯ, ಯಾರಾದರೂ ಕೇಳಿ ರದ್ದು ಮಾಡಿಸುವ ತನಕ ನಡೆಯುತ್ತಿತ್ತು. ಕಾಯ್ದೆ ಬಂದ ಮೇಲೆ ಅದು ಮೊದಲಿನಿಂದಲೇ ಅನೂರ್ಜಿತ. ‘ಬಾರದು’ ಎಂದಿದ್ದನ್ನು ಕಾಯ್ದೆ ‘ಆಗದು’ ಮಾಡಿತು. ಕಾಯ್ದೆ ಬರುವ ಮುಂಚೆಯೇ ದೀರ್ಘ ಕಾಲದ ಅನುಭೋಗದಿಂದ ಹಕ್ಕು ಪಕ್ಕಾ ಮಾಡಿಕೊಂಡಿದ್ದವರಿಗೆ ಮಾತ್ರ ಅದು ತಾಗುವುದಿಲ್ಲ ಎಂದು ಕೋರ್ಟು ಹೇಳಿತು. ನಮ್ಮ ಹೊಲ ಅವರ ಕೈಯಲ್ಲಿದ್ದದ್ದು ಹತ್ತೇ ವರ್ಷ. 1985ರ ಮುಂಗಾರಿಗೆ ಅಪ್ಪ ಅಲ್ಲಿ ಮತ್ತೆ ರಾಗಿ ಬಿತ್ತಿದ. ಅಕ್ಕಡಿ ಸಾಲಿಗೆ ಅವರೆ ಹಾಕಿದ.

ಇಷ್ಟಕ್ಕೇ ನಿಲ್ಲಿಸಿದರೆ ನೀವು ಚಪ್ಪಾಳೆ ತಟ್ಟುತ್ತೀರಿ. ಆದರೆ ಇನ್ನೊಂದು ಮಾತು ಹೇಳಲೇಬೇಕು. ಹೊಲ ಕೊಂಡಿದ್ದವರು ಸಾಹುಕಾರರಲ್ಲ. ಅವರೂ ಎಮ್ಮೆ ಮಾರಿ ಆ ಒಂಬೈನೂರು ಹೊಂದಿಸಿದ್ದರು. ಅವರ ಮಗ ಇದೇ ಶಾಲೆಯಲ್ಲಿ, ನನ್ನದೇ ಬೆಂಚಿನಲ್ಲಿ ಕೂರುತ್ತಿದ್ದ. ಅರ್ಜಿ ಕೊಟ್ಟ ವಿಷಯ ತಿಳಿದ ಮೇಲೆ ಅವನು ಹಿಂದಿನ ಬೆಂಚಿಗೆ ಹೋದ. ಕೊಂಡವರಿಗೆ ಕಾನೂನು ಪರಿಹಾರ ಕೊಡಲಿಲ್ಲ. ಸುಗ್ಗಿ ಆದ ಮೇಲೆ ಅಪ್ಪ ಅವರ ಮನೆಗೆ ಒಂದು ಪಲ್ಲ ರಾಗಿ ಹೊತ್ತುಕೊಂಡು ಹೋದ. ಅವರು ಬಾಗಿಲು ತೆರೆಯಲಿಲ್ಲ. ಅಪ್ಪ ಜಗಲಿಯ ಮೇಲೆ ಇಳಿಸಿ ಬಂದ. ಮಾರನೆಯ ದಿನ ಆ ಮೂಟೆ ನಮ್ಮ ಕೇರಿಯ ಬಾಯಲ್ಲಿತ್ತು. ಯಾರದು ಸರಿ ಅಂತ ನನಗೆ ಇವತ್ತೂ ಹೇಳಲು ಬರುವುದಿಲ್ಲ. ಆ ಗೆಳೆಯ ಇವತ್ತು ಈ ಸಭೆಗೆ ಬಂದಿದ್ದಾನೆ. ಬೆಳಿಗ್ಗೆ ಟೀ ಕುಡಿಯುವಾಗ ಅವನೇ ಬಂದು ಮಾತಾಡಿಸಿದ. ಹೊಲದ ಮಾತು ಇಬ್ಬರೂ ಎತ್ತಲಿಲ್ಲ.

ಪದಕ್ಕೆ ವಾಪಸು ಬರೋಣ. ಕಾಲೇಜಿನಲ್ಲಿದ್ದಾಗ ಅಮೆರಿಕದ 1776ರ ಸ್ವಾತಂತ್ರ್ಯ ಘೋಷಣೆಯನ್ನು ಓದಿದೆ. ಮನುಷ್ಯರಿಗೆಲ್ಲ ಕೆಲವು ಹಕ್ಕುಗಳಿವೆ ಎನ್ನುವ ಪ್ರಸಿದ್ಧ ವಾಕ್ಯದಲ್ಲಿ ನಮ್ಮ ಪದವೇ ಇತ್ತು, ಆದರೆ ‘ಅನ್‌ಏಲಿಯನಬಲ್’ ಅಂತ ಅಚ್ಚಾಗಿತ್ತು. ಮುದ್ರಣದೋಷ ಎಂದು ತಿಳಿದು ಲೈಬ್ರರಿ ಪುಸ್ತಕದಲ್ಲಿ ಪೆನ್ಸಿಲಿನಿಂದ ತಿದ್ದಿಬಿಟ್ಟೆ. ತಪ್ಪು ನನ್ನದೇ ಆಗಿತ್ತು. ಜೆಫರ್ಸನ್ನರ ಕರಡಿನಲ್ಲಿ ‘ಇನ್’ ಇತ್ತು, ಅಚ್ಚಾಗಿ ಹೊರಬಂದಾಗ ‘ಅನ್’ ಆಗಿತ್ತು. ಅರ್ಥ ಎರಡಕ್ಕೂ ಒಂದೇ. ‘ಇನ್’ ಲ್ಯಾಟಿನ್ನಿನಿಂದ ಬಂದದ್ದು, ‘ಅನ್’ ಇಂಗ್ಲಿಷಿನ ಸ್ವಂತ ಮನೆಯದು. ನಾವು ಅನಶ್ವರ ಎಂದು ಸಂಸ್ಕೃತದ ರೀತಿಯಲ್ಲೂ, ಅಳಿಯದ ಎಂದು ನಮ್ಮ ರೀತಿಯಲ್ಲೂ ಹೇಳುತ್ತೇವಲ್ಲ, ಹಾಗೆ. ಇಂದು ‘ಇನ್’ ಇರುವ ರೂಪವೇ ಬಳಕೆಯಲ್ಲಿದೆ. ‘ಅನ್’ ಇರುವ ರೂಪ ಆ ಘೋಷಣೆಯ ಮಾತು ಬಂದಾಗ ಬಿಟ್ಟರೆ ಅಪರೂಪ. 1948ರ ಡಿಸೆಂಬರ್ 10ರಂದು ವಿಶ್ವಸಂಸ್ಥೆ ಒಪ್ಪಿದ ಮಾನವ ಹಕ್ಕುಗಳ ಘೋಷಣೆಯ ಪೀಠಿಕೆಯಲ್ಲಿ ಇರುವುದೂ ‘ಇನ್’ ರೂಪವೇ.

ಜೆಫರ್ಸನ್ ಸ್ವತಃ ಗುಲಾಮರನ್ನು ಇಟ್ಟುಕೊಂಡಿದ್ದವರು. ಪದ ಬರೆದವರೇ ಅದರ ಅರ್ಥಕ್ಕೆ ತಕ್ಕಂತೆ ನಡೆಯುತ್ತಾರೆ ಎಂದೇನಿಲ್ಲ. ಪದ ಮಾತ್ರ ಉಳಿದು, ಬೇರೆಯವರ ಕೈಗೆ ಸಿಕ್ಕಿ ಕೆಲಸ ಮಾಡುತ್ತದೆ.

ಆ ಹಕ್ಕುಗಳನ್ನು ಕನ್ನಡದಲ್ಲಿ ಹೇಳುವಾಗ ‘ಕಸಿಯಲಾಗದ ಹಕ್ಕು’, ‘ಕಿತ್ತುಕೊಳ್ಳಲಾಗದ ಹಕ್ಕು’ ಎನ್ನುವುದುಂಟು. ನಾನೂ ಬಹಳ ವರ್ಷ ಮಕ್ಕಳಿಗೆ ಹಾಗೇ ಹೇಳಿಕೊಟ್ಟೆ. ಅದು ಅರ್ಧ ಅರ್ಥ. ಇನ್ನರ್ಧವನ್ನು ನನಗೆ ಕಲಿಸಿದ್ದು ಅಕ್ಷರ ಬಾರದ ನಮ್ಮಪ್ಪ.

ಹೆದ್ದಾರಿ ಅಗಲವಾಗಿ ಕುಣಿಗಲ್ ಸುತ್ತಮುತ್ತ ಜಮೀನಿನ ರೇಟು ಏರಿದ ಕಾಲ. ದಲ್ಲಾಳಿಗಳು ಮನೆ ಬಾಗಿಲಿಗೆ ಬರತೊಡಗಿದರು. ಸರ್ಕಾರದ ಪೂರ್ವಾನುಮತಿ ಪಡೆದರೆ ಮಾರಲು ಕಾಯ್ದೆಯಲ್ಲೇ ಅವಕಾಶ ಇದೆ. ನನ್ನ ಮಗಳ ಇಂಜಿನಿಯರಿಂಗ್ ಫೀಸು ಕಟ್ಟಬೇಕಿತ್ತು. ತಮ್ಮ ಮನೆ ಕಟ್ಟುತ್ತಿದ್ದ. ಅವನ ವಾದ ಸುಳ್ಳೇನಲ್ಲ: "ಮಾರಕ್ಕಾಗದ ಜಮೀನಿಗೆ ಬ್ಯಾಂಕಿನೋರು ಸಾಲಾನೂ ನೆಟ್ಟಗೆ ಕೊಡಲ್ಲ. ಇದೆಂಥ ಒಡೆತನ? ನಮಗೇನು ಬುದ್ಧಿ ಇಲ್ವಾ, ಸರ್ಕಾರ ಕಾಯ್ಬೇಕಾ?" ಅರ್ಜಿ ಹಾಕೋಣ ಎಂದು ಇಬ್ಬರೂ ಅಪ್ಪನ ಮುಂದೆ ಕೂತೆವು.

ಅಪ್ಪ ಬಹಳ ಹೊತ್ತು ಸುಮ್ಮನಿದ್ದ. ಆಮೇಲೆ ನನ್ನ ಕಡೆ ತಿರುಗಿ, "ಆವತ್ತು ನಿಮ್ಮ ಮೇಷ್ಟ್ರು ಆ ಇಂಗ್ಲಿಷ್ ಮಾತಿಗೆ ಏನಂದಿದ್ರು?" ಎಂದ.

"ಬ್ಯಾರೆಯೋರಿಗೆ ಕೊಡಕ್ಕಾಗದ್ದು ಅಂತ."

"ಯಾರು ಕೊಡಕ್ಕಾಗದ್ದು?"

ನಾನು ಉತ್ತರ ಹೇಳಲಿಲ್ಲ. ಅಪ್ಪನೇ ಹೇಳಿದ: "ನನ್ನ ಹೊಲಾನ ಯಾರೂ ಕಿತ್ಕೊಳ್ಳಲಿಲ್ಲ ಕಣ್ಲಾ. ನಾನೇ ಹೋಗಿ ಕೊಟ್ಟು ಬಂದೆ. ಆ ಮಾತು ಬರೆದಿದ್ದು ಕಳ್ಳನಿಗಲ್ಲ, ನನಗೆ."

ಕಸಿಯಲಾಗದ್ದು ಎಂಬುದು ಕಸಿಯುವವನಿಗೆ ಹೇಳುವ ಮಾತು. ಪರಭಾರೆ ಮಾಡಲಾಗದ್ದು ಎಂಬುದು ಇಟ್ಟುಕೊಂಡವನಿಗೆ ಹೇಳುವ ಮಾತು. ನಿನಗೆ ಕಷ್ಟ ಬಂದಾಗ, ನಾಚಿಕೆಯಾದಾಗ, ನಾಲ್ಕು ಜನ ಒತ್ತಾಯ ಮಾಡಿದಾಗ ನೀನೇ ಇದನ್ನು ಕೊಟ್ಟುಬಿಡುತ್ತೀಯ. ಆಗಲೂ ಇದು ಹೋಗದಿರಲಿ ಎಂಬುದು ಆ ಪದದ ಕಾಳಜಿ. ಬೊಂಬಾಯಿಯ ಪಾದಚಾರಿ ರಸ್ತೆಗಳಲ್ಲಿ ವಾಸಿಸುತ್ತಿದ್ದವರ ಪ್ರಕರಣದಲ್ಲಿ, ಓಲ್ಗಾ ಟೆಲ್ಲಿಸ್ ತೀರ್ಪು ಅಂತ ಹೆಸರು, 1985ರಲ್ಲಿ ಸುಪ್ರೀಂ ಕೋರ್ಟು ಇದನ್ನೇ ಹೇಳಿತು. ಆ ಜನ ಹೈಕೋರ್ಟಿನಲ್ಲಿ ತಮಗೆ ಅಲ್ಲಿ ಗುಡಿಸಲು ಹಾಕುವ ಮೂಲಭೂತ ಹಕ್ಕಿಲ್ಲ ಎಂದು ಒಪ್ಪಿಕೊಂಡಿದ್ದರು. ಒಪ್ಪಿಕೊಂಡ ಮಾತ್ರಕ್ಕೆ ಮೂಲಭೂತ ಹಕ್ಕನ್ನು ಕೇಳದಂತೆ ಅವರ ಬಾಯಿ ಕಟ್ಟಲಾಗದು ಎಂದಿತು ಕೋರ್ಟು. ಗುಡಿಸಲುಗಳು ಅದರಿಂದ ಶಾಶ್ವತವಾಗಿ ಉಳಿಯಲಿಲ್ಲ, ಆದರೆ ಆ ಮಾತು ಉಳಿಯಿತು.

ನಾವು ಅರ್ಜಿ ಹಾಕಲಿಲ್ಲ. ಫೀಸಿಗೆ ಸೊಸೈಟಿ ಸಾಲ ತೆಗೆದೆ. ತಮ್ಮ ಎರಡು ವರ್ಷ ನನ್ನ ಮೇಲೆ ಮುನಿಸಿಕೊಂಡಿದ್ದ. ಕಾಯ್ದೆಯೂ ನಿಂತ ನೀರಲ್ಲ. 2017ರ ಸುಮಾರಿಗೆ, ಬಹಳ ತಡವಾಗಿ ಕೊಟ್ಟ ಅರ್ಜಿ ನಡೆಯದು ಎಂದು ಸುಪ್ರೀಂ ಕೋರ್ಟು ಹೇಳಿತು. 2023ರಲ್ಲಿ ರಾಜ್ಯ ಸರ್ಕಾರ ತಿದ್ದುಪಡಿ ತಂದು, ಅರ್ಜಿಗೆ ಕಾಲದ ಮಿತಿ ಇಲ್ಲ ಎಂದಿತು. ಒಂದು ಪದದ ಸುತ್ತ ಜಗ್ಗಾಟ ಇನ್ನೂ ನಡೆದೇ ಇದೆ.

ವಿದ್ಯಾರ್ಥಿಗಳೇ, ನಿಮಗೊಂದು ಕನ್ನಡದ ಲೆಕ್ಕ ಕೊಡುತ್ತೇನೆ. ‘ನನ್ನ ಹತ್ತಿರ ನೂರು ರೂಪಾಯಿ ಇದೆ’ ಎನ್ನುತ್ತೇವೆ. ‘ನನ್ನ ಹತ್ತಿರ ಇಬ್ಬರು ಅಕ್ಕಂದಿರಿದ್ದಾರೆ’ ಎನ್ನುತ್ತೇವೆಯೇ? ಇಲ್ಲ, ‘ನನಗೆ ಇಬ್ಬರು ಅಕ್ಕಂದಿರು’ ಎನ್ನುತ್ತೇವೆ. ಕೈ ಬದಲಾಗುವ ವಸ್ತು ಹತ್ತಿರ ಇರುತ್ತದೆ. ಬಿಟ್ಟುಕೊಡಲಾಗದ ಸಂಬಂಧ ನಮಗೇ ಇರುತ್ತದೆ. ಭಾಷಾಶಾಸ್ತ್ರಜ್ಞರು ಈ ಎರಡನೆಯ ಬಗೆಗೂ ‘ಇನ್‌ಏಲಿಯನಬಲ್’ ಎಂಬ ಪದವನ್ನೇ ಬಳಸುತ್ತಾರೆ. ಇನ್ನು ಹೊಲಕ್ಕೆ ನಿಮ್ಮೂರಲ್ಲಿ ಏನನ್ನುತ್ತಾರೆ, ಕಿವಿಗೊಟ್ಟು ಕೇಳಿ. ರೈತ ‘ನಮಗೆ ಎರಡೆಕರೆ ಐತೆ’ ಎನ್ನುತ್ತಾನೆ, ಅಕ್ಕತಂಗಿಯರ ಹಾಗೆ. ನಮ್ಮ ಮನೆಗೆ ಬಂದ ದಲ್ಲಾಳಿ ‘ನಿಮ್ಮ ಹತ್ರ ಎಷ್ಟಿದೆ?’ ಎಂದಿದ್ದ.

ನಿಮ್ಮ ಓಟು, ನಿಮ್ಮ ಓದು, ಬೇಡ ಎನ್ನುವ ನಿಮ್ಮ ಹಕ್ಕು, ಇವು ನಿಮ್ಮ ಹತ್ತಿರ ಇಲ್ಲ, ನಿಮಗೆ ಇವೆ. ಯಾರಾದರೂ ಕಿತ್ತುಕೊಳ್ಳಲು ಬಂದರೆ ನೀವು ಕೂಗುತ್ತೀರಿ, ಆ ಬಗ್ಗೆ ನನಗೆ ಭಯವಿಲ್ಲ. ನೀವೇ ಕೊಟ್ಟು ಬರುವ ದಿನ ಒಂದು ಬರುತ್ತದೆ. ಆವತ್ತು ಈ ಪದ ನೆನಪಾಗಲಿ.

ಅಪ್ಪ ಈಗಿಲ್ಲ, ಮೇಷ್ಟ್ರೂ ಇಲ್ಲ. ಹೊಲ ಇದೆ. ಈ ವರ್ಷದ ರಾಗಿ ಮಾರಿದ ದುಡ್ಡಿನಲ್ಲಿ ಶಾಲೆಯ ಲೈಬ್ರರಿಗೆ ಮೂರು ಇಂಗ್ಲಿಷ್–ಕನ್ನಡ ನಿಘಂಟು ತಂದಿದ್ದೇನೆ. ಮುಖ್ಯೋಪಾಧ್ಯಾಯರು ದಯವಿಟ್ಟು ಬೀರುವಿನಲ್ಲಿಟ್ಟು ಬೀಗ ಹಾಕಬಾರದು. ಯಾವ ಮಗುವಿನ ಚೀಲದಲ್ಲಿ ಯಾವ ಹಾಳೆ ಇರುತ್ತದೋ ಹೇಳಲಾಗದು.