‘ಹುಡುಗ’ ಎಂಬ ಹೆಸರು
(ಸಂಘದ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣ)



ನಾವು ಪಂಡಿತರಲ್ಲ. ಏಳನೆಯ ತರಗತಿ ಮುಗಿಸಿ ಮುಂಬಯಿಗೆ ಬಂದು, ಟೇಬಲ್ ಒರೆಸಿ, ಲೋಟ ತೊಳೆದು ದೊಡ್ಡವರಾದವರು. ಆದ್ದರಿಂದ ಇಂದು ತತ್ತ್ವ ಹೇಳುವುದಿಲ್ಲ. ನಮ್ಮಂತೆಯೇ ಚಿಕ್ಕಂದಿನಲ್ಲಿ ಊರು ಬಿಟ್ಟು ದುಡಿಯಲು ಹೋದ ಮೈಸೂರು ಸೀಮೆಯ ಒಬ್ಬ ಹುಡುಗನ ಕತೆ ಹೇಳುತ್ತೇವೆ. ಅವನ ಹೆಸರು ಸಾಬು.

ಖೆಡ್ಡಾಕ್ಕೆ ಹೆಸರಾದ ಕಾಕನಕೋಟೆ ಕಾಡಿನ ಬಳಿ ಕಾರಾಪುರವೆಂಬ ಊರಿದೆ. ಸಾಬು ಹುಟ್ಟಿದ್ದು ಅಲ್ಲಿ, 1924ರಲ್ಲಿ. ತಂದೆ ಮಹಾರಾಜರ ಆನೆಗಳ ಮಾವುತ. ತಂದೆ ತೀರಿಕೊಂಡ ಮೇಲೆ ಹುಡುಗನಿಗೆ ಆನೆಲಾಯವೇ ಮನೆಯಾಯಿತು. ಚಿತ್ರ ತೆಗೆಯಲು ಮೈಸೂರಿಗೆ ಬಂದ ಅಮೆರಿಕದ ಫ್ಲಾಹರ್ಟಿಯವರ ತಂಡ ಅವನನ್ನು ಆರಿಸಿಕೊಂಡಿತು. 1937ರಲ್ಲಿ ‘ಎಲಿಫೆಂಟ್ ಬಾಯ್’, ಅಂದರೆ ‘ಆನೆ ಹುಡುಗ’, ತೆರೆಗೆ ಬಂತು. ಹುಡುಗ ಇಂಗ್ಲೆಂಡಿಗೆ ಹೋದ. 1940ರ ‘ಥೀಫ್ ಆಫ್ ಬಾಗ್ದಾದ್’, 1942ರ ‘ಜಂಗಲ್ ಬುಕ್’ ಅವನನ್ನು ಲೋಕಪ್ರಸಿದ್ಧನನ್ನಾಗಿ ಮಾಡಿದವು.

ಆಮೇಲೆ ಏನಾಯಿತು ನೋಡಿ. ಹಾಲಿವುಡ್ಡಿನಲ್ಲಿ ‘ಅರೇಬಿಯನ್ ನೈಟ್ಸ್’, ‘ವೈಟ್ ಸ್ಯಾವೇಜ್’, ‘ಕೋಬ್ರಾ ವುಮನ್’ ಎಂಬ ಚಿತ್ರಗಳು ಬಂದವು. ನಾಯಕ ಜಾನ್ ಹಾಲ್, ನಾಯಕಿ ಮರಿಯಾ ಮೊಂಟೆಜ್. ಸಾಬು ನಾಯಕನ ಪಕ್ಕದ ಗೆಳೆಯ. 1944ರಲ್ಲಿ ಅವರು ಅಮೆರಿಕದ ಪ್ರಜೆಯಾದರು, ಬಾಂಬರ್ ವಿಮಾನದ ಬಾಲದಲ್ಲಿ ಕುಳಿತು ಬಂದೂಕು ಹಿಡಿದು ಯುದ್ಧ ಮಾಡಿದರು, ಶೌರ್ಯಪದಕ ಪಡೆದರು. ಯುದ್ಧದಿಂದ ಗಂಡಸಾಗಿ ಮರಳಿದವರಿಗೆ ಸಿಕ್ಕ ವೇಷಗಳು ಮಾತ್ರ ಹಳೆಯವೇ: ಕಾಡು, ರುಮಾಲು, ಪ್ರಾಣಿ. 1947ರ ‘ಬ್ಲ್ಯಾಕ್ ನಾರ್ಸಿಸಸ್’ನಂಥ ಒಳ್ಳೆಯ ಚಿತ್ರದಲ್ಲಿಯೂ ಅವರದು ಪೋಷಕ ಪಾತ್ರ. ಮುಂದೆ ಸರ್ಕಸ್ಸಿನಲ್ಲಿ ಆನೆಯೊಡನೆ ಆಟ ತೋರಿಸಿದರು. 1963ರ ಡಿಸೆಂಬರ್ 2ರಂದು, 39ನೆಯ ವಯಸ್ಸಿನಲ್ಲಿ, ಹೃದಯಾಘಾತದಿಂದ ತೀರಿಕೊಂಡರು. ಮರುವರ್ಷ ತೆರೆಕಂಡ ಅವರ ಕೊನೆಯ ಚಿತ್ರದಲ್ಲಿ ಅವರು ಸರ್ಕಸ್ಸಿನ ಹುಲಿ ನೋಡಿಕೊಳ್ಳುವವನು. ಆನೆಯಿಂದ ಆರಂಭವಾದ ದುಡಿಮೆ ಹುಲಿಯ ಬಳಿ ಮುಗಿಯಿತು.

ಬಂಧುಗಳೇ, ಅವರು ಕೈಲಾಗದವರೆಂದು ಯಾರೂ ಹೇಳಲಾರರು. ಮೊದಲ ದಿನ ಯಾವ ಕೆಲಸಕ್ಕೆ ಕರೆದರೋ ಅದೇ ಅವರ ಜಾತಕವಾಯಿತು. ಈ ಮಾತು ನಮಗೆ ಗೊತ್ತಿಲ್ಲದ್ದೇ? ನಲವತ್ತು ದಾಟಿದರೂ ನಾವು ‘ಮಾಣಿ’. ಗಿರಾಕಿಗಳ ಬಾಯಲ್ಲಿ ‘ಪೋರ್ಯಾ’. ಲೋಟ ತೊಳೆಯಲು ಬಂದವನು ಲೆಕ್ಕ ಬಲ್ಲವನಾದರೂ ಗಲ್ಲೆಯ ಹತ್ತಿರ ಸುಳಿಯುವಂತಿಲ್ಲ.

ಹೆಸರಿನ ಮಾತು ಬರಿಯ ಮಾನದ್ದಲ್ಲ, ಅನ್ನದ್ದೂ ಹೌದು. ಒಂದು ಹೋಟೆಲಿನಲ್ಲಿ ಇಪ್ಪತ್ತೆರಡು ವರ್ಷ ದುಡಿದ ನಮ್ಮ ಸಂಗಾತಿಯೊಬ್ಬರು ತೀರಿಕೊಂಡರು. ಅವರ ಹೆಂಡತಿ ಊರಿನಿಂದ ಬಂದು ಗ್ರ್ಯಾಚುಯಿಟಿ ಕೇಳಿದಾಗ ಮಾಲಿಕರು ಹಾಜರಿ ಪುಸ್ತಕ ತೆರೆದು ತೋರಿಸಿದರು. ಅದರಲ್ಲಿದ್ದದ್ದು ‘ಅಣ್ಣಿ’ ಎಂಬ ಎರಡಕ್ಷರ. ಅದು ನಿಮ್ಮ ಗಂಡನೇ ಎಂಬುದಕ್ಕೆ ಪುರಾವೆ ಏನು ಎಂದು ಕೇಳಿದರು. ಜತೆಯಲ್ಲಿ ಉಂಡು ಮಲಗಿದ ನಮಗೂ ಅವರ ಪೂರ್ತಿ ಹೆಸರು ತಿಳಿದಿರಲಿಲ್ಲ. ಆ ತಾಯಿಯ ಮುಂದೆ ನಾವು ತಲೆ ತಗ್ಗಿಸಿ ನಿಂತೆವು. ಹಣ ಕೈಸೇರಲು ಎರಡು ವರ್ಷ ಹಿಡಿಯಿತು.

ಆದ್ದರಿಂದ ಸಂಘ ಎರಡು ಬೇಡಿಕೆ ಇಡುತ್ತದೆ. ಹಾಜರಿ ಪುಸ್ತಕದಲ್ಲಿ ಪ್ರತಿಯೊಬ್ಬನ ಪೂರ್ತಿ ಹೆಸರು, ಊರು, ಸೇರಿದ ತಾರೀಖು ಇರಬೇಕು. ಕೆಲಸ ಕಲಿತವನಿಗೆ ಅಡಿಗೆಮನೆಯಲ್ಲಾಗಲಿ ಗಲ್ಲೆಯಲ್ಲಾಗಲಿ ಮೇಲಿನ ಜಾಗ ಸಿಗಬೇಕು. ಮೂರನೆಯದು ಮಾಲಿಕರಿಗೆ ಹೇಳುವುದಲ್ಲ, ನಮಗೆ ನಾವೇ ಹೇಳಿಕೊಳ್ಳುವುದು. ಇಂದು ರಾತ್ರಿ ಕೋಣೆಗೆ ಹೋದ ಮೇಲೆ ಪಕ್ಕದಲ್ಲಿ ಚಾಪೆ ಹಾಸುವವನ ಪೂರ್ತಿ ಹೆಸರು ಕೇಳಿ, ಬರೆದಿಟ್ಟುಕೊಳ್ಳಿ. ನಾಳೆ ಅದೇ ಹೆಸರಿನಿಂದ ಕೂಗಿ.