ಬದುಕಿರುವ ತಂದೆಗೆ ಮರಣಪತ್ರ

(ಹಾರನಹಳ್ಳಿಯ ರೈತರ ಸಭೆಯಲ್ಲಿ ಮಾಡಿದ ಭಾಷಣ)



ಹೊಗೆಸೊಪ್ಪಿನ ಬೆಲೆಯ ಮಾತು ಬಿಟ್ಟು ಇವರು ಸಿನಿಮಾದ ಮಾತು ಎತ್ತಿದರಲ್ಲ ಎಂದು ಹಿಂದಿನ ಸಾಲಿನವರು ಗೊಣಗುತ್ತಿರುವುದು ನಮಗೆ ಕೇಳಿಸುತ್ತಿದೆ. ಸ್ವಲ್ಪ ತಾಳಬೇಕು. ಈ ಸಿನಿಮಾದಲ್ಲಿರುವುದೂ ಪಹಣಿಯ ಮಾತೇ.

ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ ರಾಮ್ ರೆಡ್ಡಿ ಎಂಬ ತರುಣರು 'ತಿಥಿ' ಎಂಬ ಚಿತ್ರ ತೆಗೆದರು. ಕತೆ ಬರೆಯಲು ಜೊತೆಯಾದವರು ಆ ಸೀಮೆಯನ್ನು ಬಲ್ಲ ಈರೇಗೌಡರು. ಅದರಲ್ಲಿ ಹೆಸರಾಂತ ನಟರು ಒಬ್ಬರೂ ಇಲ್ಲ. ನಿಮ್ಮಂಥ ಹಳ್ಳಿಯ ಜನರೇ ಪಾತ್ರ ಮಾಡಿದರು. 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊದಲ್ಲಿ ಹೊಸ ನಿರ್ದೇಶಕರ ವಿಭಾಗದ ಚಿನ್ನದ ಚಿರತೆ ಅದಕ್ಕೆ ಸಂದಿತು. ಆ ಸಾಲಿನ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಬಂದಿತು.

ಸೆಂಚುರಿ ಗೌಡ 101 ವರ್ಷ ಬಾಳಿ ಸಾಯುತ್ತಾನೆ. ಅಂದಿನಿಂದ ಹನ್ನೊಂದನೆಯ ದಿನದ ತಿಥಿಯವರೆಗೆ ಕತೆ. ಜಮೀನು ಇನ್ನೂ ಸತ್ತವನ ಹೆಸರಿನಲ್ಲೇ. ಹಿರಿಯ ಮಗ ಗಡ್ಡಪ್ಪ ಊರೆಲ್ಲ ಅಲೆಯುವವನು, ಅವನಿಗೆ ಜಮೀನಿನ ಗೊಡವೆಯೇ ಬೇಡ. ಮೊಮ್ಮಗ ತಮ್ಮಣ್ಣನಿಗೆ ಅದನ್ನು ಮಾರುವ ಆತುರ. ತಂದೆ ಒಪ್ಪದಿದ್ದಾಗ ತಮ್ಮಣ್ಣ ಲಂಚ ಕೊಟ್ಟು ಬದುಕಿರುವ ತಂದೆಗೆ ಮರಣಪತ್ರ ಮಾಡಿಸುತ್ತಾನೆ. ದೇಶ ಸುತ್ತಿ ಬಾ ಎಂದು ದುಡ್ಡು ಕೊಟ್ಟು ಸಾಗಹಾಕುತ್ತಾನೆ. ಗಡ್ಡಪ್ಪನೋ ಕುರಿಗಾಹಿಗಳ ಜೊತೆ ಸೇರಿ ಅವರ ಮುಂದೆ ತನ್ನ ಸಂಸಾರದ ಕತೆ ಬಿಚ್ಚುತ್ತಾನೆ. ಆ ಕತೆ ಯಾವ ಕಚೇರಿಯ ವಂಶವೃಕ್ಷದಲ್ಲೂ ಬರೆಯುವಂಥದಲ್ಲ. ಆ ಮುದುಕನಿಗೆ ಜಮೀನು ಏಕೆ ಬೇಡವಾಯಿತೆಂದು ಅಲ್ಲಿಯವರೆಗೆ ನಗುತ್ತಿದ್ದ ನಮಗೆ ಆಗ ತಿಳಿಯಿತು.

ತಮ್ಮಣ್ಣನನ್ನು ದುಷ್ಟನೆನ್ನಲು ನಮಗೆ ಮನಸ್ಸು ಬಾರದು. ಸಾಲಕ್ಕೂ ಬೆಳೆ ಪರಿಹಾರಕ್ಕೂ ಪಹಣಿಯಲ್ಲಿರುವ ಹೆಸರೇ ಬೇಕು. ಉಳುವವನು ಒಬ್ಬ, ಖಾತೆ ಗತಿಸಿದ ತಾತನದು. ಇಂಥ ಮನೆಗಳಲ್ಲಿ ಅಣ್ಣತಮ್ಮಂದಿರು ಜೊತೆಯಲ್ಲಿ ಉಣ್ಣುವುದನ್ನು ಬಿಟ್ಟಿರುವುದನ್ನು ನಾವು ಕಂಡಿದ್ದೇವೆ. ಕೃಷಿಕರಲ್ಲದವರು ಜಮೀನು ಕೊಳ್ಳದಂತೆ ಇದ್ದ ತಡೆಯನ್ನು 2020ರಲ್ಲಿ ಸರ್ಕಾರ ತೆಗೆದುಹಾಕಿದ ಮೇಲೆ ಮಾರುವ ಆಸೆಗೆ ದಾರಿ ಇನ್ನಷ್ಟು ಅಗಲವಾಯಿತು.

ಚಿತ್ರದಲ್ಲಿ ನಮಗೆ ಒಂದು ಕೊರತೆಯೂ ಕಂಡಿತು. ತಾತ, ಮಗ, ಮೊಮ್ಮಗ, ಮರಿಮಗ ಎಂದು ಗಂಡಸರ ಸಾಲೇ ಸಾಲು. ಮನೆಯ ಹೆಂಗಸರು ಅಂಚಿನಲ್ಲೇ ಉಳಿದರು. ನಾವು ಮೇಷ್ಟರಾಗಿದ್ದಾಗ ತಾತನ ಹೆಸರು ಬರೆಯಿರಿ ಎಂದರೆ ಹುಡುಗರು ಥಟ್ಟನೆ ಬರೆಯುತ್ತಿದ್ದರು. ಅಜ್ಜಿಯ ಹೆಸರು ಕೇಳಿದರೆ 'ಅಜ್ಜಿ' ಎಂದೇ ಬರೆಯುತ್ತಿದ್ದರು! ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಸಮಪಾಲೆಂದು ಕರ್ನಾಟಕ 1994ರಲ್ಲೇ ಕಾನೂನು ಮಾಡಿತು, ಇಡೀ ದೇಶಕ್ಕೆ ಅದು ಬಂದದ್ದು 2005ರಲ್ಲಿ. ಮಗಳ ಹೆಸರನ್ನು ವಂಶವೃಕ್ಷದಲ್ಲಿ ಬರೆಸಿದ ತಂದೆಯರು ಇಲ್ಲಿ ಎಷ್ಟು ಮಂದಿ? ಕೈ ಎತ್ತಿರೆಂದು ಕೇಳುವುದಿಲ್ಲ, ಹೆಂಡಿರು ನೋಡುತ್ತಿದ್ದಾರೆ.

ಇಂದು ರಾತ್ರಿ ಊಟವಾದ ಮೇಲೆ ಇದೇ ಚಪ್ಪರದಲ್ಲಿ ಪರದೆ ಕಟ್ಟಿ ಚಿತ್ರ ತೋರಿಸುತ್ತೇವೆ. ಹೆಂಗಸರಿಗೆ ಮುಂದಿನ ಚಾಪೆ. ಮನೆಯಲ್ಲಿರುವ ಪಹಣಿಯನ್ನು ಜೊತೆಗೆ ತನ್ನಿರಿ. ಪೌತಿ ಖಾತೆ ಆಗದೆ ಉಳಿದವರ ಅರ್ಜಿಗಳನ್ನು ಬರೆದುಕೊಡಲು ನಾವು ನಾಳೆ ಮಧ್ಯಾಹ್ನದವರೆಗೂ ಇಲ್ಲೇ ಇರುತ್ತೇವೆ.